‘ಕಾಲ ಹಿಡಿದಿಡುವ’ ತಾಮ್ರದ ಡಬ್ಬಿ: ಮನೆಯಲ್ಲಿ ಹಿರಿಯರು ಒಬ್ಬರೇ ಇದ್ದರೆ ದಯವಿಟ್ಟು ಓದಿ

ನಮ್ಮಪ್ಪನಿಗೆ ಆದದ್ದನ್ನು ಬರೆಯುತ್ತಿದ್ದೇನೆ. ಬರೆಯಲು ಅವರೇ ಒಪ್ಪಿದ್ದಾರೆ. ಹೆಸರು ಮಾತ್ರ ಹಾಕಬೇಡ ಅಂದರು.

ಅಪ್ಪ ರೈಲ್ವೆಯಲ್ಲಿದ್ದು ನಿವೃತ್ತರಾದವರು. ಇರುವುದು ಅರಸೀಕೆರೆಯಲ್ಲಿ. ಅಮ್ಮ ತೀರಿಕೊಂಡ ಮೇಲೆ ಮನೆಯಲ್ಲಿ ಒಬ್ಬರೇ. ನಾನು ಬೆಂಗಳೂರಿನಿಂದ ಹದಿನೈದು ದಿನಕ್ಕೊಮ್ಮೆ ಹೋಗಿ ಬರುತ್ತಿದ್ದೆ. ಈ ನಡುವೆ ಯಾರೋ ಪರಿಚಯದವರು ಅವರನ್ನು ಎರಡು ದಿನದ ಶಿಬಿರಕ್ಕೆ ಕರೆದುಕೊಂಡು ಹೋಗಿದ್ದಾರೆ. ವಿಷಯ ‘ಕಾಲಶಿಲ್ಪ ವಿಜ್ಞಾನ’. ಕಲ್ಲು ಕಡೆದು ಮೂರ್ತಿ ಮಾಡುವ ಹಾಗೆ ಕಾಲವನ್ನೂ ಕಡೆದು ನಿಲ್ಲಿಸಬಹುದು, ಕಳೆದುಹೋದ ಒಳ್ಳೆಯ ದಿನಗಳನ್ನು ಮನೆಯೊಳಗೆ ಗಟ್ಟಿಯಾಗಿ ಉಳಿಸಿಕೊಳ್ಳಬಹುದು ಅಂತ ಅಲ್ಲಿ ಹೇಳಿದರಂತೆ. ಹೆಂಡತಿ ಹೋಗಿ ನಾಲ್ಕು ತಿಂಗಳಾದವರಿಗೆ ಈ ಮಾತು ಎಲ್ಲಿ ನಾಟುತ್ತದೆ, ನೀವೇ ಯೋಚಿಸಿ.

ಶಿಬಿರಕ್ಕೆ 2,500 ರೂಪಾಯಿ. ಆಮೇಲೆ ‘ಕಾಲ ಸ್ಫಟಿಕ’ ಇಟ್ಟ ತಾಮ್ರದ ಡಬ್ಬಿಗೆ 36,000. ಬಿಲ್ ಕೊಡಲಿಲ್ಲ. ಕೊಟ್ಟದ್ದು ‘ಕಾಣಿಕೆ ರಸೀದಿ’. ಈ ಪದ ನೆನಪಿಟ್ಟುಕೊಳ್ಳಿ, ಆಮೇಲೆ ಹೇಳುತ್ತೇನೆ.

ನನಗೆ ಗೊತ್ತಾದದ್ದು ಊರಿಗೆ ಹೋದ ದಿನ. ಅಮ್ಮನ ಕೋಣೆಯ ಕಿಟಕಿ ಮುಚ್ಚಿತ್ತು, ಒಳಗೆಲ್ಲ ಮುಗ್ಗಲು ವಾಸನೆ. ಮಂಚದ ಪಕ್ಕದ ಸ್ಟೂಲಿನ ಮೇಲೆ ಡಬ್ಬಿ. ದಿನಕ್ಕೊಂದು ಹಾಳೆ ಹರಿಯುವ ಕ್ಯಾಲೆಂಡರ್ ಹನ್ನೊಂದು ದಿನ ಹಿಂದೆಯೇ ನಿಂತಿತ್ತು. ಗೋಡೆ ಗಡಿಯಾರದ ಸೆಲ್ ತೆಗೆದು ಕಾಗದದಲ್ಲಿ ಸುತ್ತಿಟ್ಟಿದ್ದರು. ಗಾಡಿ ಎರಡು ನಿಮಿಷ ತಡವಾದರೂ ಚಡಪಡಿಸುತ್ತಿದ್ದ ಮನುಷ್ಯ ಅವರು. ಆ ಸೆಲ್ ನೋಡಿ ನನಗೆ ಅಳು ಬಂದುಬಿಟ್ಟಿತು.

48 ದಿನ ಕೋಣೆಯಲ್ಲಿ ಏನನ್ನೂ ಕದಲಿಸಬಾರದು ಅಂತ ಕಟ್ಟುಪಾಡು ಹಾಕಿದ್ದರು. ಅದಾದರೂ ಹೋಗಲಿ, ಬಿಪಿ ಮಾತ್ರೆಯ ಸ್ಟ್ರಿಪ್ಪೂ ಕದಲಿರಲಿಲ್ಲ! ‘ಹೊತ್ತು ನೋಡಿ ಮಾತ್ರೆ ನುಂಗಿದರೆ ಕಟ್ಟಿದ ಕಾಲ ಒಡೆಯುತ್ತದೆ’ ಅಂತ ವಾಟ್ಸಾಪ್‌ನಲ್ಲಿ ಧ್ವನಿ ಸಂದೇಶ ಕಳಿಸಿದ್ದರು. ನಾನೇ ಕೇಳಿಸಿಕೊಂಡೆ. ತಕ್ಷಣ ಆಸ್ಪತ್ರೆಗೆ ಕರೆದೊಯ್ದೆವು. ಬಿಪಿ 190/110 ಇತ್ತು. ಎರಡು ದಿನ ಅಲ್ಲೇ ಇಟ್ಟುಕೊಂಡರು. ಇನ್ನೊಂದು ವಾರ ಬಿಟ್ಟು ಊರಿಗೆ ಹೋಗಿದ್ದರೆ ಏನಾಗುತ್ತಿತ್ತೋ, ನೆನೆಸಿಕೊಂಡರೆ ಈಗಲೂ ಕೈ ನಡುಗುತ್ತದೆ.

ಅಪ್ಪ ಓದಿಕೊಂಡವರು. ಸುಮ್ನೆ ಮಂತ್ರ, ತಾಯಿತ ಅಂದಿದ್ದರೆ ನಂಬುತ್ತಿರಲಿಲ್ಲ. ಆ ಶಿಬಿರದವರು ನೊಬೆಲ್ ವಿಜ್ಞಾನಿಯ ಹೆಸರು ಹೇಳಿದ್ದರು. ಅದು ಸುಳ್ಳೂ ಅಲ್ಲ ಅನ್ನುವುದೇ ಕಷ್ಟ. ‘ಟೈಮ್ ಕ್ರಿಸ್ಟಲ್’, ಅಂದರೆ ಕಾಲ ಸ್ಫಟಿಕ, ಅನ್ನುವುದು ನಿಜವಾಗಿಯೂ ಇದೆ. ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳಿಕೊಡುವ ನನ್ನ ಗೆಳತಿ ಅಪ್ಪನ ಪಕ್ಕ ಕೂತು ಬಿಡಿಸಿ ಹೇಳಿದಳು. ಹರಳಿನೊಳಗೆ ಪರಮಾಣುಗಳು ರಂಗೋಲಿ ಚುಕ್ಕಿಯ ಹಾಗೆ ಒಂದೇ ಅಂತರದಲ್ಲಿ ಸಾಲಾಗಿರುತ್ತವೆ. ಅದೇ ಥರ ಕಾಲದಲ್ಲೂ ತಾನಾಗಿ ಮರುಕಳಿಸುವ ವಿನ್ಯಾಸ ಇರಬಹುದಾ ಅಂತ ಅಮೆರಿಕದ ಫ್ರಾಂಕ್ ವಿಲ್ಚೆಕ್ 2012ರಲ್ಲಿ ಕೇಳಿದರು. ಅವರಿಗೆ ನೊಬೆಲ್ ಬಂದದ್ದು 2004ರಲ್ಲಿ, ಪರಮಾಣುವಿನ ಒಳಗಿನ ಅತಿ ಸಣ್ಣ ಕಣಗಳಾದ ಕ್ವಾರ್ಕ್‌ಗಳ ಬಗ್ಗೆ ಮಾಡಿದ ಬೇರೆಯೇ ಕೆಲಸಕ್ಕೆ. ಅವರು ಮೊದಲು ಹೇಳಿದ ರೂಪದಲ್ಲಿ ಅದು ಆಗದು ಅಂತ ಬೇರೆ ವಿಜ್ಞಾನಿಗಳು ತೋರಿಸಿದರು. ಆಮೇಲೆ ಬೇರೆ ರೂಪದಲ್ಲಿ ಮೇರಿಲ್ಯಾಂಡ್ ಮತ್ತು ಹಾರ್ವರ್ಡ್ ವಿಶ್ವವಿದ್ಯಾಲಯಗಳ ತಂಡಗಳು ಮಾಡಿ ತೋರಿಸಿ, 2017ರಲ್ಲಿ ಪ್ರಕಟಿಸಿದವು. ಒಂದು ಕಡೆ ಲೇಸರ್ ಬೆಳಕಿನಲ್ಲಿ ಕುಣಿಸಿದ ಯಟರ್ಬಿಯಂ ಅನ್ನುವ ಲೋಹದ ಅಯಾನುಗಳು (ವಿದ್ಯುದಾವೇಶ ಇರುವ ಪರಮಾಣುಗಳು), ಇನ್ನೊಂದು ಕಡೆ ವಜ್ರ. ತೊಟ್ಟಿಲನ್ನು ಎರಡು ಸಲ ತಳ್ಳಿದರೆ ಅದು ಒಂದೇ ಸಲ ತೂಗಿದ ಹಾಗೆ, ಅಷ್ಟೇ ಅದರ ವಿಶೇಷ. ನಾವು ಸ್ವಲ್ಪ ತಪ್ಪಿ ತಳ್ಳಿದರೂ ಅದು ತನ್ನ ಲೆಕ್ಕ ಬಿಡುವುದಿಲ್ಲ. ಅದರ ಪಕ್ಕದ ಗಡಿಯಾರ ನಿಲ್ಲುವುದಿಲ್ಲ, ಕೋಣೆಯೊಳಗಿನ ಕಾಲವನ್ನು ಅದು ಮುಟ್ಟುವುದೂ ಇಲ್ಲ.

ಡಬ್ಬಿ ಬಿಚ್ಚಿದೆವು. ತಾಮ್ರದ ತಂತಿ ಸುತ್ತಿದ ಒಂದು ಬಿಳಿ ಕಲ್ಲು, ಒಂದು ಪುಟ್ಟ ನೀಲಿ ದೀಪ, ಒಂದು ವಾಚಿನ ಸೆಲ್. ಕಲ್ಲು ಸಾದಾ ಕ್ವಾರ್ಟ್ಜ್. ‘ಅಂಕಲ್, ನೀವು ನಿಲ್ಲಿಸಿದ ಗಡಿಯಾರದ ಒಳಗೂ ಇದೇ ಇರೋದು, ಸೆಕೆಂಡಿಗೆ 32,768 ಸಲ ಕಂಪಿಸುತ್ತೆ’ ಅಂದಳು ಗೆಳತಿ. ಅಪ್ಪ ತುಂಬಾ ಹೊತ್ತು ಮಾತಾಡಲಿಲ್ಲ. ಆಮೇಲೆ, ‘ನಿಮ್ಮಮ್ಮನ ದನಿ ಕೇಳುತ್ತೆ ಅಂದಿದ್ದರು ಕಣೋ’ ಅಂದರು.

ಇದನ್ನು ಓದುವವರು ದಯವಿಟ್ಟು ನಿಮ್ಮ ಹಿರಿಯರನ್ನು ಬೈಯಬೇಡಿ. ನಾನು ಮೊದಲ ದಿನ ಬೈದೆ, ಅವರು ಡಬ್ಬಿಯನ್ನು ಬೀರುವಿನಲ್ಲಿ ಬಚ್ಚಿಟ್ಟರು. ಬೈದಷ್ಟೂ ಬಚ್ಚಿಡುವುದು ಜಾಸ್ತಿ ಆಗುತ್ತದೆ, ಅಲ್ವಾ? ಮೊದಲು ಮಾತ್ರೆ ಎಣಿಸಿ ನೋಡಿ. ಮಾತ್ರೆ ನಿಲ್ಲಿಸಿ ಅಂತ ಯಾರು ಹೇಳಿದರೂ, ಯಾವ ವಿಜ್ಞಾನದ ಹೆಸರಲ್ಲಿ ಹೇಳಿದರೂ, ಅಲ್ಲಿಗೆ ಮುಗಿಯಿತು, ಮುಂದೆ ಕೇಳುವುದು ಬೇಡ.

ಇನ್ನು ರಸೀದಿ ವಿಚಾರ. ದುಡ್ಡು ವಾಪಸ್ ಕೇಳಿದಾಗ ‘ನೀವು ಕೊಂಡದ್ದಲ್ಲ, ಕಾಣಿಕೆ ಕೊಟ್ಟದ್ದು’ ಅಂದರು. ಹಾಗಾಗಿ ಯಾವುದೇ ವಸ್ತುವಿಗೂ ಬಿಲ್ ಕೇಳಿ, ಕೊಡದಿದ್ದರೆ ಎದ್ದು ಬನ್ನಿ. ನಮ್ಮ ಹತ್ತಿರ ಯುಪಿಐ ದಾಖಲೆ ಇತ್ತು, ‘ಡಬ್ಬಿ ಬಾಬ್ತು 36,000’ ಅಂತ ಅವರೇ ಕಳಿಸಿದ ಸಂದೇಶವೂ ಇತ್ತು. ಗ್ರಾಹಕ ಸಹಾಯವಾಣಿ 1915ಕ್ಕೆ ಕರೆ ಮಾಡಿದೆ. ಈಗ ಜಿಲ್ಲಾ ಗ್ರಾಹಕ ಆಯೋಗಕ್ಕೆ ದೂರು ಕೊಟ್ಟಿದ್ದೇವೆ. ನಾವಿರುವ ಜಿಲ್ಲೆಯಲ್ಲೇ ಕೊಡಬಹುದು, ಎರಡು ವರ್ಷದ ಒಳಗೆ ಕೊಡಬೇಕು. ಆನ್‌ಲೈನಲ್ಲಿ ಮೋಸ ಮಾಡಿ ದುಡ್ಡು ಕಿತ್ತುಕೊಂಡಿದ್ದರೆ ಆ ಕ್ಷಣವೇ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ನಾವು ದೂರು ಕೊಟ್ಟ ಮಾರನೆಯ ದಿನ ಅಪ್ಪನನ್ನು ಶಿಬಿರದವರ ವಾಟ್ಸಾಪ್ ಗುಂಪಿನಿಂದ ತೆಗೆದರು, ಇತ್ತೀಚೆಗೆ ಕಳಿಸಿದ್ದ ಧ್ವನಿ ಸಂದೇಶಗಳನ್ನೂ ಅಳಿಸಿಬಿಟ್ಟರು. ಹಿಂದಿನ ರಾತ್ರಿಯೇ ನಾನು ಎಲ್ಲವನ್ನೂ ನನ್ನ ಫೋನಿಗೆ ಕಳಿಸಿಕೊಂಡಿದ್ದೆ. ನೀವೂ ಅವರ ಹತ್ತಿರ ಜಗಳಕ್ಕೆ ಇಳಿಯುವ ಮೊದಲೇ ಆ ಕೆಲಸ ಮಾಡಿಟ್ಟುಕೊಳ್ಳಿ.