ವ್ಯಾಲರಂಟ್: ಕರೆಂಟು ಕೈಕೊಡುವ ಊರಿನಲ್ಲಿ ಯಾವ ಮೋಡ್ ಆಡುವುದು?

ಐವರ ತಂಡಗಳು ಬಂದೂಕು ಹಿಡಿದು ಕಾದಾಡುವ ಕಂಪ್ಯೂಟರ್ ಆಟ ವ್ಯಾಲರಂಟ್‌ನಲ್ಲಿ ಯಾವ ಮೋಡ್ (ಆಟದ ಬಗೆ) ಚೆನ್ನಾಗಿದೆ ಎಂದು ಕೇಳಿದರೆ ರ‍್ಯಾಂಕ್ ಹುಚ್ಚು ಹಿಡಿದವರು ಕಾಂಪಿಟಿಟಿವ್ ಅನ್ನುತ್ತಾರೆ, ಸಮಯ ಇಲ್ಲದವರು ಸ್ವಿಫ್ಟ್‌ಪ್ಲೇ ಅನ್ನುತ್ತಾರೆ. ಕಾಸರಗೋಡಿನ ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆ ಕುಳಿತು ಆಡುವವರಿಗೆ ಅದಕ್ಕೂ ಮೊದಲಿನ ಪ್ರಶ್ನೆ ಒಂದಿದೆ. ಆಟಿ ತಿಂಗಳ ಮಳೆಗೆ ತಂತಿಯ ಮೇಲೆ ತೆಂಗಿನ ಮಡಲು ಬಿತ್ತು, ಕರೆಂಟು ಹೋಯಿತು. ಆಗ ಯಾವ ಮೋಡ್‌ನಲ್ಲಿದ್ದರೆ ಎಷ್ಟು ನಷ್ಟ, ಯಾರಿಗೆ ನಷ್ಟ? ಎಲ್ಲ ಮೋಡ್‌ಗಳನ್ನೂ ಮಳೆಗಾಲ, ಬೇಸಿಗೆ ಎರಡರಲ್ಲೂ ಆಡಿದ ಮೇಲೆ ಮಾಡಿದ ಹೋಲಿಕೆ ಇದು.

ಮೊದಲು ರ‍್ಯಾಂಕ್ ಇಲ್ಲದ ಅನ್‌ರೇಟೆಡ್ ಮತ್ತು ರ‍್ಯಾಂಕ್ ಇರುವ ಕಾಂಪಿಟಿಟಿವ್. ಇವೆರಡರ ಒಳಗಿನ ಆಟ ಹೆಚ್ಚುಕಡಿಮೆ ಒಂದೇ. ಐವರ ಎದುರು ಐವರು, ಒಂದು ತಂಡ ಸ್ಪೈಕ್ ಎಂಬ ಬಾಂಬ್ ನೆಡಲು ದಾಳಿ ಮಾಡುತ್ತದೆ, ಇನ್ನೊಂದು ತಡೆಯುತ್ತದೆ; 12 ರೌಂಡಿಗೆ ಬದಿ ಬದಲು, ಮೊದಲು 13 ಗೆದ್ದವರಿಗೆ ಆಟ. ಖರೀದಿಗೆ 30 ಸೆಕೆಂಡ್, ರೌಂಡಿಗೆ 100 ಸೆಕೆಂಡ್, ಸ್ಪೈಕ್ ನೆಟ್ಟ ಮೇಲೆ ಸಿಡಿಯಲು 45 ಸೆಕೆಂಡ್. ನೆಡಲು 4 ಸೆಕೆಂಡ್, ನಿಷ್ಕ್ರಿಯ ಮಾಡಲು 7. ವ್ಯತ್ಯಾಸ ಶುರುವಾಗುವುದು 12-12 ಆದಾಗ. ಅನ್‌ರೇಟೆಡ್‌ನಲ್ಲಿ ಒಂದೇ ರೌಂಡಿನಲ್ಲಿ ತೀರ್ಮಾನ. ಕಾಂಪಿಟಿಟಿವ್‌ನಲ್ಲಿ ಎರಡು ರೌಂಡಿನ ಅಂತರ ಬೇಕು, ಹಾಗಾಗಿ ಓವರ್‌ಟೈಮ್ ಎಳೆಯುತ್ತ ಹೋಗಬಹುದು. ಅರ್ಧ ಗಂಟೆ ಅಂತ ಕೂತ ಆಟ ಒಂದು ಗಂಟೆಯ ಹತ್ತಿರ ಬರುವುದು ಇಲ್ಲೇ. ರಾತ್ರಿ ಊಟಕ್ಕೆ ಮುಕ್ಕಾಲು ಗಂಟೆ ಉಳಿದಿದೆ ಎಂದು ಕಾಂಪಿಟಿಟಿವ್ ಒತ್ತುವುದು ಜಾಣತನವಲ್ಲ. ಅದೇ ಮುಕ್ಕಾಲು ಗಂಟೆಯಲ್ಲಿ ಅನ್‌ರೇಟೆಡ್ ಸಾಮಾನ್ಯವಾಗಿ ಮುಗಿಯುತ್ತದೆ.

ಇನ್ನೊಂದು ವ್ಯತ್ಯಾಸ ಎದ್ದು ಹೋದವರಿಗೆ ಬೀಳುವ ದಂಡ. ಕಾಂಪಿಟಿಟಿವ್‌ನಲ್ಲಿ ಹಲವು ರೌಂಡ್ ಕಾಣೆಯಾದರೆ ಎಎಫ್‌ಕೆ (ಆಟ ಬಿಟ್ಟು ಎದ್ದವರು) ಎಂದು ದಾಖಲಾಗುತ್ತದೆ, ಆರ್‌ಆರ್ (ರ‍್ಯಾಂಕಿನ ಅಂಕ) ಕಡಿತವಾಗುತ್ತದೆ, ಕ್ಯೂ (ಮುಂದಿನ ಆಟಕ್ಕೆ ಕಾಯುವ ಸಾಲು) ಸೇರದಂತೆ ತಡೆ ಬೀಳುತ್ತದೆ. ತಪ್ಪು ಮರುಕಳಿಸಿದಷ್ಟೂ ತಡೆಯ ಅವಧಿ ಬೆಳೆಯುತ್ತದೆ. ಕರೆಂಟು ಹೋಯಿತೋ, ಸಿಟ್ಟಿನಲ್ಲಿ ಎದ್ದರೋ ಎಂಬುದು ಸರ್ವರಿಗೆ ಗೊತ್ತಾಗುವುದಿಲ್ಲ. ಅನ್‌ರೇಟೆಡ್‌ನಲ್ಲೂ ತಡೆ ಉಂಟು, ಆದರೆ ಕಳೆದುಕೊಳ್ಳಲು ಆರ್‌ಆರ್ ಇಲ್ಲ. ಉಳಿದ ನಾಲ್ವರು ಮಾತ್ರ ಎರಡೂ ಕಡೆ ಅಷ್ಟೇ ಕಷ್ಟಪಡುತ್ತಾರೆ.

ಸ್ವಿಫ್ಟ್‌ಪ್ಲೇ ಇವುಗಳ ಕಿರಿಯ ರೂಪ. ಮೊದಲು 5 ರೌಂಡ್ ಗೆದ್ದವರಿಗೆ ಆಟ, 4 ರೌಂಡಿಗೆ ಬದಿ ಬದಲು. ಅಂದರೆ ಹೆಚ್ಚೆಂದರೆ 9 ರೌಂಡ್, ಸುಮಾರು ಕಾಲು ಗಂಟೆ. ಹೊಸ ಏಜೆಂಟ್ (ತನ್ನದೇ ವಿಶೇಷ ಕೌಶಲಗಳಿರುವ ಪಾತ್ರ) ಕಲಿಯಲು ಇದಕ್ಕಿಂತ ಒಳ್ಳೆಯ ಜಾಗ ಇಲ್ಲ. ಆದರೆ ಸ್ವಿಫ್ಟ್‌ಪ್ಲೇಯನ್ನೇ ಆಡುತ್ತ ಬಂದವರು ಕಾಂಪಿಟಿಟಿವ್‌ಗೆ ಕಾಲಿಟ್ಟ ದಿನ ಎಡವುವುದು ಬಂದೂಕಿನಲ್ಲಿ ಅಲ್ಲ, ದುಡ್ಡಿನಲ್ಲಿ. ಸ್ವಿಫ್ಟ್‌ಪ್ಲೇಯಲ್ಲಿ ರೌಂಡಿಗೆ ಇಷ್ಟು ಕ್ರೆಡಿಟ್ (ಬಂದೂಕು ಕೊಳ್ಳುವ ಆಟದೊಳಗಿನ ದುಡ್ಡು) ಎಂದು ಮೊದಲೇ ನಿಗದಿ. ಗೆಲ್ಲಲಿ ಸೋಲಲಿ, ಮೂರನೇ ರೌಂಡಿಗೆ ಕೈಯಲ್ಲಿ ರೈಫಲ್. ಪೂರ್ಣ ಆಟದಲ್ಲಿ ಲೆಕ್ಕವೇ ಬೇರೆ: ಆರಂಭಕ್ಕೆ 800, ಗೆದ್ದ ರೌಂಡಿಗೆ 3000, ಸೋತರೆ 1900, ಸತತ ಎರಡನೇ ಸಲ ಸೋತರೆ 2400, ಮೂರನೆಯದಕ್ಕೆ 2900. ರೈಫಲ್‌ಗಳಾದ ವ್ಯಾಂಡಲ್ ಆಗಲಿ ಫ್ಯಾಂಟಮ್ ಆಗಲಿ 2900, ದಪ್ಪ ಕವಚಕ್ಕೆ 1000; ಕೌಶಲಗಳನ್ನು ಬಿಟ್ಟು 3900. ಮೊದಲ ರೌಂಡ್ ಸೋತು, ಎರಡನೆಯದಕ್ಕೆ ಸಿಕ್ಕಿದ್ದನ್ನೆಲ್ಲ ಸುರಿದು ಅಗ್ಗದ ಬಂದೂಕು ಸ್ಪೆಕ್ಟರ್ ಕೊಂಡವರು ಮೂರನೇ ರೌಂಡಿನಲ್ಲಿ ಬರಿಗೈ. ಜೊತೆಯವರು ಉಳಿಸುತ್ತಿರುವಾಗ ಒಬ್ಬರೇ ಖರೀದಿಸುವ ಈ ಚಾಳಿ ಸ್ವಿಫ್ಟ್‌ಪ್ಲೇಯ ಕೊಡುಗೆ. ವಾರದಲ್ಲಿ ಒಂದೆರಡು ಅನ್‌ರೇಟೆಡ್ ಆಡಿದರೆ ಬಿಟ್ಟುಹೋಗುತ್ತದೆ.

ಕರೆಂಟಿನ ದೃಷ್ಟಿಯಿಂದ ನೋಡಿದರೆ ಇಲ್ಲೊಂದು ವಿಚಿತ್ರ ಇದೆ. ಆಟ ಚಿಕ್ಕದಾದಷ್ಟೂ ಸುರಕ್ಷಿತ ಎಂದು ಎಲ್ಲರೂ ಅಂದುಕೊಳ್ಳುತ್ತಾರೆ. ಖರೀದಿ, ರೌಂಡ್, ಸ್ಪೈಕ್ ಸೇರಿ ಒಂದು ರೌಂಡ್ ಒಂದೂವರೆಯಿಂದ ಎರಡೂವರೆ ನಿಮಿಷ ಹಿಡಿಯುತ್ತದೆ. ಕರೆಂಟು ಒಮ್ಮೆ ಮಿಣುಕಿ ಬಂದು, ಕಂಪ್ಯೂಟರ್ ಮತ್ತೆ ಏಳಲು, ರೌಟರ್ ಸಿಗ್ನಲ್ ಹಿಡಿಯಲು, ಗೇಮ್ ತೆರೆಯಲು ನಾಲ್ಕೈದು ನಿಮಿಷ ಬೇಕೆನ್ನಿ. ಎರಡು ಅಥವಾ ಮೂರು ರೌಂಡ್ ಹೋಯಿತು. 13ರ ಆಟದಲ್ಲಿ ಅದನ್ನು ತುಂಬಿಕೊಳ್ಳಬಹುದು. 5ರ ಆಟದಲ್ಲಿ ಅದೇ ಅರ್ಧ ಆಟ. 4ಕ್ಕೆ ಮುಗಿಯುವ ಸ್ಪೈಕ್ ರಶ್‌ನಲ್ಲಿ ನೀವು ಬರುವಷ್ಟರಲ್ಲಿ ಫಲಿತಾಂಶದ ಪರದೆ. ಹಾಗಾಗಿ ಹೋಗಿ ಬರುವ ಕರೆಂಟಿನ ದಿನ ಅನ್‌ರೇಟೆಡ್ಡೇ ಮೇಲು. ಹೋದರೆ ಬೆಳಗ್ಗೆಯೇ ಬರುವುದು ಎಂಬಂಥ ಗಾಳಿಮಳೆಯ ದಿನ ಸ್ವಿಫ್ಟ್‌ಪ್ಲೇ, ಏಕೆಂದರೆ ಕಾಲು ಗಂಟೆಯೊಳಗೆ ಮುಗಿದುಹೋಗುವ ಸಂಭವ ಹೆಚ್ಚು. ಕಾಂಪಿಟಿಟಿವ್ ಎರಡೂ ದಿನ ಬೇಡ.

ಸ್ಪೈಕ್ ರಶ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಎಲ್ಲರಿಗೂ ಒಂದೇ ಬಂದೂಕು, ದಾಳಿ ಮಾಡುವ ಐವರ ಕೈಯಲ್ಲೂ ಸ್ಪೈಕ್, ಅಲ್ಲಲ್ಲಿ ಶಕ್ತಿ ಕೊಡುವ ಗೋಲಗಳು. ಎಂಟರಿಂದ ಹನ್ನೆರಡು ನಿಮಿಷದ ನಗು. ಮ್ಯಾಪಿನ ದಾರಿ ಗೊತ್ತಿಲ್ಲದವರಿಗೆ ದಾರಿ ಕಲಿಸುತ್ತದೆ, ಅಷ್ಟೇ.

ಗುರಿ ಪಳಗಿಸುವ ವಿಷಯದಲ್ಲಿ ಡೆತ್‌ಮ್ಯಾಚ್ ಮತ್ತು ಟೀಮ್ ಡೆತ್‌ಮ್ಯಾಚ್ ನಡುವೆ ನಿಜವಾದ ಪೈಪೋಟಿ ಇದೆ. ಡೆತ್‌ಮ್ಯಾಚ್‌ನಲ್ಲಿ ತಂಡ ಇಲ್ಲ, ಕೌಶಲ ಇಲ್ಲ. ಮೊದಲು 40 ಹೊಡೆದವರು ಅಥವಾ 9 ನಿಮಿಷ, ಯಾವುದು ಮೊದಲೋ ಅದು. ಪೂರ್ಣ ಆಟದ ಮ್ಯಾಪುಗಳೇ ಬರುವುದರಿಂದ ಮೂಲೆಮೂಲೆಯ ಕೋನ ಕಣ್ಣಿಗೆ ಹಿಡಿಯುತ್ತದೆ. ಮಧ್ಯೆ ಕರೆಂಟು ಹೋದರೆ ಪಾಪ ಅನ್ನಬೇಕಾದ ಜೊತೆಯವರು ಯಾರೂ ಇಲ್ಲ. ಈ ಒಂದು ಕಾರಣಕ್ಕೆ ಮಳೆಯ ಸಂಜೆಗೆ ಇದು ಮೊದಲ ಆಯ್ಕೆ.

ಟೀಮ್ ಡೆತ್‌ಮ್ಯಾಚ್ ಬಂದದ್ದು 2023ರ ಜೂನ್‌ನಲ್ಲಿ. ಐವರ ಎದುರು ಐವರು, ತಂಡಕ್ಕೆ 100 ಹೊಡೆತ ಅಥವಾ ಒಂಬತ್ತೂವರೆ ನಿಮಿಷ. ಸತ್ತ ಒಂದೂವರೆ ಸೆಕೆಂಡಿಗೆ ಮತ್ತೆ ಎದ್ದಿರುತ್ತೀರಿ, ಕೌಶಲಗಳೂ ಜೊತೆಗಿರುತ್ತವೆ. ಇದಕ್ಕೆಂದೇ ಮಾಡಿದ ಚಿಕ್ಕ ಮ್ಯಾಪುಗಳು. ಇಲ್ಲಿ ಕಲಿತ ಕೋನಗಳು ಪೂರ್ಣ ಆಟದ ಮ್ಯಾಪುಗಳಾದ ಅಸೆಂಟ್‌ನಲ್ಲೋ ಹೇವನ್‌ನಲ್ಲೋ ಉಪಯೋಗಕ್ಕೆ ಬರುವುದಿಲ್ಲ. ಕೈ ಬಿಸಿಯಾಗಲು, ಇಬ್ಬರು ಒಟ್ಟಿಗೆ ನುಗ್ಗುವ ಅಭ್ಯಾಸಕ್ಕೆ ಚೆನ್ನ. ತಲೆಗೆ ಹೊಡೆಯುವ ಶಿಸ್ತಿಗೆ ಡೆತ್‌ಮ್ಯಾಚೇ ಸರಿ. ಅಲ್ಲಿ ಅಂಕಪಟ್ಟಿ ತೆರೆಯದೆ ಆಡಿ. ಅಂಕದ ಹಿಂದೆ ಬಿದ್ದರೆ ಮೂಲೆಯಲ್ಲಿ ಹೊಂಚು ಹಾಕಿ ಕೂರುವ ಬುದ್ಧಿ ಬರುತ್ತದೆ, ಅಭ್ಯಾಸ ಅಲ್ಲಿಗೆ ಮುಗಿಯಿತು.

ಬಂದೂಕಿನ ಆಯ್ಕೆಯೂ ಇಲ್ಲೇ ಪರೀಕ್ಷೆಯಾಗುವುದು. ದಪ್ಪ ಕವಚ ಹಾಕಿದ ಎದುರಾಳಿಯ ಜೀವ 150. ವ್ಯಾಂಡಲ್‌ನ ಒಂದು ಗುಂಡು ತಲೆಗೆ ಬಿದ್ದರೆ ಯಾವ ದೂರದಲ್ಲೂ 160, ಕಥೆ ಮುಗಿಯಿತು. ಫ್ಯಾಂಟಮ್ 20 ಮೀಟರ್ ಒಳಗೆ 156, ಅದರಾಚೆ 140. ಅಂದರೆ ದೂರದಿಂದ ತಲೆಗೇ ಬಿದ್ದರೂ ಎದುರಿನವನಲ್ಲಿ 10 ಉಳಿಯುತ್ತದೆ. ಪಿಂಗ್ (ಸರ್ವರಿಗೆ ಸಂಕೇತ ಹೋಗಿ ಬರುವ ಸಮಯ) ಏರಿಳಿಯುವ ನೆಟ್‌ನಲ್ಲಿ ಎರಡನೇ ಗುಂಡು ಹೊತ್ತಿಗೆ ಸರಿಯಾಗಿ ಮುಟ್ಟುವ ಭರವಸೆ ಕಡಿಮೆ. ಅಂಥ ಸಂಪರ್ಕ ಇರುವವರಿಗೆ ವ್ಯಾಂಡಲ್ ಎನ್ನುವುದು ನಮ್ಮ ಅಭಿಪ್ರಾಯ.

ಈ ಎರಡು ಡೆತ್‌ಮ್ಯಾಚೂ ಬೇಡವೆನಿಸಿದರೆ ಅಭ್ಯಾಸದ ಮೈದಾನವಿದೆ. 30 ಬೊಂಬೆಗಳ ಪರೀಕ್ಷೆಯನ್ನು ಮಧ್ಯಮ ವೇಗಕ್ಕಿಟ್ಟರೆ ಸಾಕು. ಕಠಿಣ ವೇಗದ್ದು ಪ್ರತಿಷ್ಠೆಯ ವಿಷಯ. ಸೋವಾ, ವೈಪರ್‌ನಂಥ ಏಜೆಂಟರ ಬಾಣ, ವಿಷ ಎಲ್ಲಿ ಬೀಳುತ್ತದೆ ಎಂದು ನೋಡಲು ಕಸ್ಟಮ್ ಆಟ ತೆರೆದು, ಚೀಟ್ಸ್ ಚಾಲೂ ಮಾಡಿ, ಕೌಶಲ ಮುಗಿಯದಂತೆ ಇಟ್ಟುಕೊಳ್ಳಿ.

ಮೋಡ್ ಬದಲಿಸುವುದು ಸುಲಭ, ತಪ್ಪುವುದೂ ಅಷ್ಟೇ ಸುಲಭ. ಪ್ಲೇ ಒತ್ತಿದ ಮೇಲೆ ಮೇಲ್ಗಡೆ ಮೋಡ್‌ಗಳ ಸಾಲು ಬರುತ್ತದೆ. ಬೇಕಾದ್ದನ್ನು ಆರಿಸಿ ಸ್ಟಾರ್ಟ್. ಗುಂಪಿನಲ್ಲಿದ್ದಾಗ ಈ ಕೆಲಸ ಗುಂಪಿನ ಮುಖ್ಯಸ್ಥರಿಗೆ ಬಿಡಿ, ಕ್ಯೂ ಓಡುತ್ತಿದ್ದರೆ ಮೊದಲು ಅದನ್ನು ರದ್ದು ಮಾಡಿ. ಸಾಮಾನ್ಯವಾಗಿ ಆಗುವ ಎಡವಟ್ಟು ಇದು: ಸ್ವಿಫ್ಟ್‌ಪ್ಲೇ ಮುಗಿಸಿ ಎಲ್ಲರೂ ಕಾಂಪಿಟಿಟಿವ್ ಅಂದುಕೊಂಡಿರುತ್ತಾರೆ, ಮುಖ್ಯಸ್ಥರು ಬದಲಿಸದೆ ಸ್ಟಾರ್ಟ್ ಒತ್ತಿರುತ್ತಾರೆ. ಏಜೆಂಟ್ ಆರಿಸುವ ಪರದೆ ಬಂದ ಮೇಲೆ ಗೊತ್ತಾಗುತ್ತದೆ. ಆಗ ಹೊರಗೆ ಹೋದರೆ ತಪ್ಪಿಸಿಕೊಂಡ ಲೆಕ್ಕ. ಸ್ವಲ್ಪ ಹೊತ್ತು ಕ್ಯೂ ಬಂದ್. ಕಾಂಪಿಟಿಟಿವ್ ಆಗಿದ್ದರೆ ಆರ್‌ಆರ್ ಸಹ ಹೋಗುತ್ತದೆ. ಇನ್ನು ಹೊಸ ಖಾತೆಯಲ್ಲಿ ಕಾಂಪಿಟಿಟಿವ್ ಬೀಗ ಹಾಕಿಕೊಂಡಿದ್ದರೆ ಗಾಬರಿ ಬೇಡ, 20ನೇ ಲೆವೆಲ್ ಆಗಬೇಕು. ಡೆತ್‌ಮ್ಯಾಚ್‌ನಿಂದಲೂ ಅನುಭವದ ಅಂಕ ಸೇರುತ್ತದೆ.

ಅದೇ ಪರದೆಯಲ್ಲಿ ಸರ್ವರ್ ಪಟ್ಟಿಯನ್ನೂ ತೆರೆದು ನೋಡಿ. ಮುಂಬೈಯನ್ನು ಮಾತ್ರ ಉಳಿಸಿ, ಸಿಂಗಪುರವನ್ನು ತೆಗೆಯಿರಿ. ಮುಂಬೈ ಪಕ್ಕದ ಪಿಂಗ್ ದಿನನಿತ್ಯದ್ದಕ್ಕಿಂತ ದುಪ್ಪಟ್ಟಾಗಿದ್ದರೆ ಆ ಹೊತ್ತಿಗೆ ಡೆತ್‌ಮ್ಯಾಚ್ ಸಾಕು. ಪಿಂಗ್ ಚೆನ್ನಾಗಿದ್ದೂ ಗುಂಡು ಬೀಳದಿದ್ದರೆ ಸೆಟ್ಟಿಂಗ್ಸ್‌ನ ವಿಡಿಯೋ ವಿಭಾಗದಲ್ಲಿ ಸ್ಟ್ಯಾಟ್ಸ್‌ಗೆ ಹೋಗಿ ಪ್ಯಾಕೆಟ್ ಲಾಸ್ (ದಾರಿಯಲ್ಲೇ ಕಳೆದುಹೋಗುವ ಡೇಟಾ) ಕಾಣುವಂತೆ ಮಾಡಿ. ಅಲ್ಲಿ ಸೊನ್ನೆ ಬಿಟ್ಟು ಬೇರೇನಾದರೂ ಪದೇಪದೇ ಬಂದರೆ ವೈಫೈ ಬಿಟ್ಟು ಕೇಬಲ್ ಹಾಕಿ ಪರೀಕ್ಷಿಸಿ. ಹಳೆಯ ಮನೆಗಳ ಮುರಕಲ್ಲಿನ ದಪ್ಪ ಗೋಡೆ ಎರಡು ದಾಟಿದರೆ ವೈಫೈಯಲ್ಲಿ ಏನೂ ಉಳಿದಿರುವುದಿಲ್ಲ.

ಈಗ ಇನ್ವರ್ಟರ್. ಹೆಚ್ಚಿನ ಮನೆಯ ಇನ್ವರ್ಟರುಗಳ ಹಿಂಬದಿಯಲ್ಲೋ ಮುಂದೆಯೋ ಒಂದು ಸ್ವಿಚ್ ಇರುತ್ತದೆ, ಯುಪಿಎಸ್ ಮತ್ತು ನಾರ್ಮಲ್ ಅಥವಾ ಇಕೋ ಎಂದು. ನಾರ್ಮಲ್‌ನಲ್ಲಿದ್ದರೆ ಫ್ಯಾನು, ಲೈಟಿಗೆ ತೊಂದರೆ ಇಲ್ಲ, ಆದರೆ ಬ್ಯಾಟರಿಗೆ ಬದಲಾಗುವ ಆ ಕ್ಷಣದಲ್ಲಿ ಡೆಸ್ಕ್‌ಟಾಪ್ ರೀಸ್ಟಾರ್ಟ್ ಆಗಿಬಿಡಬಹುದು. ಯುಪಿಎಸ್‌ಗೆ ಇಟ್ಟರೆ ಬದಲಾವಣೆ ಬೇಗ ಆಗುತ್ತದೆ, ಕಂಪ್ಯೂಟರ್ ಬದುಕುತ್ತದೆ. ಇದಕ್ಕೊಂದು ಬೆಲೆ ಉಂಟು: ಯುಪಿಎಸ್ ಮೋಡ್‌ನಲ್ಲಿ ವೋಲ್ಟೇಜ್ ಸುಮಾರು 180ಕ್ಕಿಂತ ಕೆಳಗಿಳಿದರೆ ಕರೆಂಟು ಇದ್ದಾಗಲೂ ಇನ್ವರ್ಟರ್ ಬ್ಯಾಟರಿಗೆ ಹಾರುತ್ತದೆ. ಬೇಸಿಗೆಯಲ್ಲಿ ಸುತ್ತಲಿನ ತೋಟಗಳಲ್ಲೆಲ್ಲ ಪಂಪು ಓಡುವ ಹೊತ್ತಿಗೆ ಬ್ಯಾಟರಿ ಸದ್ದಿಲ್ಲದೆ ಖಾಲಿಯಾಗುವುದು ಇದರಿಂದಲೇ. ಆಡುವಾಗ ಯುಪಿಎಸ್, ಮುಗಿದ ಮೇಲೆ ನಾರ್ಮಲ್.

ರೌಟರನ್ನು ಮರೆಯುವವರೇ ಹೆಚ್ಚು. ಕಂಪ್ಯೂಟರ್ ಉಳಿದು ರೌಟರ್ ಸತ್ತರೆ ಏನು ಬಂತು? ಅದರ ಪ್ಲಗ್ಗನ್ನು ಇನ್ವರ್ಟರ್ ಲೈನಿಗೆ ಹಾಕಿ, ಇಲ್ಲವೇ ಚಿಕ್ಕ ರೌಟರ್ ಯುಪಿಎಸ್ ತನ್ನಿ. ತರುವ ಮೊದಲು ಅಡಾಪ್ಟರ್ ಮೇಲೆ 12 ವೋಲ್ಟ್ ಇದೆಯೋ 9 ಇದೆಯೋ ಓದಿಕೊಳ್ಳಿ. ಫೈಬರ್ ಪೆಟ್ಟಿಗೆ ಬೇರೆ, ವೈಫೈ ಪೆಟ್ಟಿಗೆ ಬೇರೆ ಇದ್ದರೆ ಎರಡಕ್ಕೂ ಬೇಕು. ಇಷ್ಟಾದರೂ ಹೊರಗೆ ಬಿದ್ದರೆ ಗೇಮ್ ತೆರೆದ ಕೂಡಲೇ ಮತ್ತೆ ಸೇರುವ ಬಟನ್ ಕಾಣುತ್ತದೆ, ಅದನ್ನೇ ಒತ್ತಿ. ಮೊಬೈಲ್ ಹಾಟ್‌ಸ್ಪಾಟ್‌ನಿಂದ ಸೇರಬಹುದು. ಹೊಸ ಪ್ಯಾಚ್ ಬಂದ ದಿನ ಮಾತ್ರ ಆ ಸಾಹಸ ಬೇಡ, ದಿನದ ಡೇಟಾವೆಲ್ಲ ಡೌನ್‌ಲೋಡಿಗೇ ಹೋಗುತ್ತದೆ. ಆಟದ ಶುರುವಿನಲ್ಲೇ ಜೊತೆಯವರೊಬ್ಬರು ಹೀಗೆ ಬಿದ್ದಿದ್ದರೆ ಎರಡನೇ ರೌಂಡಿನ ಆರಂಭದಲ್ಲಿ ಚಾಟ್‌ನಲ್ಲಿ ರೀಮೇಕ್ ಮತ ಕರೆಯಿರಿ. ಉಳಿದವರೆಲ್ಲ ಒಪ್ಪಿದರೆ ಆಟ ರದ್ದು. ಬಿದ್ದವರಿಗೆ ದಂಡ ತಪ್ಪುವುದಿಲ್ಲ.

ಕೊನೆಗೆ ಎಷ್ಟು ಜನ ಇದ್ದೀರಿ ಎಂಬುದು. ಕಾಂಪಿಟಿಟಿವ್‌ಗೆ ಒಬ್ಬರು, ಇಬ್ಬರು, ಮೂವರು ಅಥವಾ ಐವರು ಹೋಗಬಹುದು, ನಾಲ್ವರಿಗೆ ಬಾಗಿಲು ಮುಚ್ಚಿದೆ. ಐದನೆಯವರಾಗಿ ಬರುವ ಒಬ್ಬ ಅಪರಿಚಿತ ಒಂಟಿಯಾಗುತ್ತಾನೆ ಎಂಬುದು ಕಾರಣ. ಒಂದೇ ಊರಿನ ನಾಲ್ವರು ಕನ್ನಡ, ತುಳು, ಮಲಯಾಳ ಬೆರೆಸಿ ಮಾತಾಡುವಾಗ ಮುಂಬೈ ಸರ್ವರಿನ ಐದನೆಯವರಿಗೆ ಶತ್ರು ಎಲ್ಲಿದ್ದಾನೆ ಎಂದೇ ಗೊತ್ತಾಗದು. ಈ ನಿಯಮವನ್ನು ಬೈಯಲು ನಮಗೆ ಮನಸ್ಸಿಲ್ಲ. ನಾಲ್ವರಿದ್ದಾಗ ಇಬ್ಬಿಬ್ಬರಾಗಿ ಒಡೆದು ಬೇರೆ ಬೇರೆ ಕ್ಯೂ ಸೇರುವವರಿದ್ದಾರೆ. ಆಗ ಎದುರುಬದುರು ಬಿದ್ದು, ಆರ್‌ಆರ್ ಒಂದು ಮನೆಯಿಂದ ಇನ್ನೊಂದು ಮನೆಗೆ ಹೋಗುವುದೂ ಉಂಟು. ಅದಕ್ಕಿಂತ ಐದನೆಯವರು ಆನ್‌ಲೈನ್ ಬರುವವರೆಗೆ ಒಂದು ಅನ್‌ರೇಟೆಡ್ ಆಡಿ. ಅವರು ಬಂದಾಗ ಅರ್ಧದಲ್ಲಿ ಬಿಟ್ಟೇಳದೆ, ಆಟ ಮುಗಿಸಿಯೇ ಮೋಡ್ ಬದಲಿಸಿ.