ಖಾಸಗಿ ದೃಶ್ಯಕ್ಕೆ ಯಾವುದು: ಹೆಗಲೋ, ಗಿಂಬಲೋ, ಟ್ರೈಪಾಡೋ?

ವಯಸ್ಕರ ಸಿನಿಮಾದಲ್ಲಿ ಇಬ್ಬರ ಖಾಸಗಿ ಗಳಿಗೆ ಡಾಕ್ಯುಮೆಂಟರಿ ತರಹ ಕಾಣಬೇಕು ಅಂದ ಕೂಡಲೇ ‘ಹ್ಯಾಂಡ್‌ಹೆಲ್ಡ್ ಮಾಡಿಬಿಡಿ’, ಅಂದರೆ ಕ್ಯಾಮೆರಾ ಕೈಯಲ್ಲೋ ಹೆಗಲ ಮೇಲೋ ಹಿಡಿದೇ ತೆಗೆಯಿರಿ, ಅನ್ನುತ್ತಾರೆ. ಇಂಥ ದೃಶ್ಯಗಳನ್ನು ನಾನು ಹೆಗಲು, ಗಿಂಬಲ್, ಟ್ರೈಪಾಡ್ ಮೂರೂ ರೀತಿಯಲ್ಲಿ ತೆಗೆದು ನೋಡಿದ್ದೇನೆ.

ಗಿಂಬಲ್, ಅಂದರೆ ಕೈಯ ಅಲುಗಾಟವನ್ನು ಮೋಟರ್‌ಗಳಿಂದ ತಡೆಯುವ ಹಿಡಿಕೆ, ನನಗೆ ಹಿಡಿಸಲಿಲ್ಲ. ಅದು ತೇಲುತ್ತದೆ. ಮೈ ಸುತ್ತ ತೇಲುವ ಕ್ಯಾಮೆರಾ ಮನುಷ್ಯರನ್ನು ಜಾಹೀರಾತಿನ ಸಾಮಾನು ಮಾಡಿಬಿಡುತ್ತದೆ. ಬಾಗಿಲಿನಿಂದ ಒಳಗೆ ನಡೆದು ಬರುವ ಶಾಟ್‌ಗೆ ಸರಿ, ಅಷ್ಟೇ.

ಹೆಗಲ ಮೇಲಿನ ಕ್ಯಾಮೆರಾದ ಮಾತೇ ಬೇರೆ. ಆದರೆ ಅಲುಗಾಟವೇ ಡಾಕ್ಯುಮೆಂಟರಿ ಅಂದುಕೊಳ್ಳಬಾರದು. 1960ರ ದಶಕದಲ್ಲಿ ಹಗುರವಾದ 16 ಎಂಎಂ ಕ್ಯಾಮೆರಾ ಹೆಗಲೇರಿಸಿದವರು ಬೇಕಂತಲೇ ಅಲುಗಾಡಿಸುತ್ತಿರಲಿಲ್ಲ. ಜನರ ಹಿಂದೆ ಓಡುತ್ತಲೇ ಸ್ಥಿರವಾಗಿ ಹಿಡಿಯಲು ಒದ್ದಾಡುತ್ತಿದ್ದರು. ನಂಬಿಕೆ ಹುಟ್ಟುವುದು ಕ್ಯಾಮೆರಾ ತಡವಾಗಿ ತಿರುಗುವುದರಿಂದ. ಅವಳ ಕೈ ಅವನ ಕೆನ್ನೆ ಕಡೆ ಹೋಗುತ್ತದೆ ಅಂತ ನಮಗೆ ಮೊದಲೇ ಗೊತ್ತು. ಆದರೂ ಕಾಯಬೇಕು. ಕೈ ಫ್ರೇಮ್ ದಾಟಿದ ಮೇಲೆ ಕ್ಯಾಮೆರಾ ಅದನ್ನು ಹಿಂಬಾಲಿಸಬೇಕು. ಆಗ ನೋಡುವವರಿಗೂ ಅದು ಆ ಕ್ಷಣದಲ್ಲೇ ನಡೆದ ಹಾಗೆ ಅನಿಸುತ್ತದೆ.

ಲೆನ್ಸ್ ಆಯ್ಕೆಯೂ ಮುಖ್ಯ. ಫುಲ್ ಫ್ರೇಮ್‌ನಲ್ಲಿ (36x24 ಎಂಎಂ ಸೆನ್ಸರ್‌ನ ಕ್ಯಾಮೆರಾ) 85 ಎಂಎಂ ಲೆನ್ಸ್ ಹಾಕಿ, ಬೆಳಕು ಒಳಬಿಡುವ ದ್ವಾರ (ಅಪರ್ಚರ್) ಎಫ್/2 ಇಟ್ಟು 1 ಮೀಟರ್ ದೂರ ನಿಂತರೆ ಫೋಕಸ್ ಇರುವುದು 2 ಸೆಂಟಿಮೀಟರ್‌ಗೂ ಕಡಿಮೆ ಜಾಗದಲ್ಲಿ. ಉಸಿರು ಎಳೆದರೂ ಕಣ್ಣು ಮಸುಕಾಗುತ್ತದೆ. ಅದೇ ದೂರದಲ್ಲಿ 35 ಎಂಎಂ, ಎಫ್/4 ಆದರೆ ಸುಮಾರು 20 ಸೆಂಟಿಮೀಟರ್ ಸಿಗುತ್ತದೆ. ಇಬ್ಬರ ಮುಖವೂ ಉಳಿಯುತ್ತದೆ. ಕ್ಯಾಮೆರಾ ತೀರಾ ಹಗುರವಾಗಿದ್ದರೆ ಹಿಂದೆ ಭಾರವಾದ ಬ್ಯಾಟರಿ ಕಟ್ಟಿ. ಸಣ್ಣ ನಡುಕ ಎಷ್ಟೋ ಕಡಿಮೆಯಾಗುತ್ತದೆ.

ಆದರೆ ಹೆಗಲ ಮೇಲಿನ ಫ್ರೇಮ್ ಅಲೆಯುತ್ತದೆ. ಏನು ಕಾಣಬಹುದು, ಏನು ಕಾಣಬಾರದು ಅಂತ ಕಲಾವಿದರ ಜೊತೆ ಮೊದಲೇ ಮಾತಾಗಿರುತ್ತದೆ, ಅಲ್ವಾ? ಸಹಜವಾಗಿ ಕಾಣಲಿ ಅಂತ ಆ ಗೆರೆ ದಾಟುವ ಹಕ್ಕು ಯಾರಿಗೂ ಇಲ್ಲ. ಇಲ್ಲಿ ಟ್ರೈಪಾಡ್ ಗೆಲ್ಲುತ್ತದೆ. ಕೋಣೆಯ ಮೂಲೆಯಲ್ಲಿ 50 ಎಂಎಂ ಇಟ್ಟು, ಫ್ರೇಮ್‌ನ ಅಂಚು ಎಲ್ಲಿ ಬೀಳುತ್ತದೆ ಅಂತ ಅವರಿಗೇ ಮಾನಿಟರ್‌ನಲ್ಲಿ ತೋರಿಸಬಹುದು. ರೆಕಾರ್ಡ್ ಒತ್ತಿ ನಾನೂ ಹೊರಗೆ ಹೋಗಬಹುದು. ಉದ್ದ ಟೇಕ್‌ನಲ್ಲಿ ಅವರ ಭುಜ ನಿಧಾನಕ್ಕೆ ಸಡಿಲವಾಗುವುದು ಕಾಣುತ್ತದೆ. ಹೆಗಲ ಮೇಲೆ ಕ್ಯಾಮೆರಾ ಹೊತ್ತು ಪಕ್ಕದಲ್ಲೇ ನಿಂತಾಗ ಆ ಸಡಿಲು ನನಗೆ ಸಿಕ್ಕಿದ್ದು ಅಪರೂಪ. ಹತ್ತಿರ ಹೋಗಲಾಗದ ಕೊರತೆ ಮಾತ್ರ ಇದ್ದೇ ಇದೆ.

ಹಾಗಾಗಿ ಈಗ ನಾನು ಮೈ ಕಾಣುವ ಭಾಗವನ್ನು ಟ್ರೈಪಾಡ್‌ನಲ್ಲೇ ಮೊದಲು ಮುಗಿಸುತ್ತೇನೆ. ಕಲಾವಿದರು ಬಟ್ಟೆ ಹಾಕಿಕೊಂಡು ಬಂದ ಮೇಲೆ ಬರೀ ಮುಖ, ಕೈಗಳಿಗಾಗಿ ಕ್ಯಾಮೆರಾ ಹೆಗಲಿಗೆ ಏರಿಸುತ್ತೇನೆ. ಎರಡೂ ಟೇಕ್‌ಗಳಿಗೆ ಬೆಳಕು ಒಂದೇ ಇರಲಿ, ಶಟರ್ ವೇಗವೂ 1/50 ಸೆಕೆಂಡಿನಲ್ಲೇ ಇರಲಿ. ಆಗ ಎಡಿಟ್‌ನಲ್ಲಿ ಎರಡೂ ಚೆನ್ನಾಗಿ ಕೂಡುತ್ತವೆ.