ಹನೋಯ್ ಸುತ್ತಿನ ಕಸುಬಿನ ಊರುಗಳು: ಒಂದೇ ದಿನ ಇದ್ದರೆ ಯಾವ ಕಡೆ ಹೋಗಬೇಕು?

ಹನೋಯ್‌ನ ಹಳೇ ಪೇಟೆಯಲ್ಲಿ ಯಾವ ಹೋಟೆಲಿಗೆ ಹೋದರೂ 'ಕರಕುಶಲ ಗ್ರಾಮಗಳ ಒಂದು ದಿನದ ಟೂರ್' ಅಂತ ಒಂದು ಚೀಟಿ ಕೈಗೆ ಸಿಗುತ್ತದೆ. ಹೆಸರು ಒಂದೇ ಆದರೂ ಅದರೊಳಗೆ ಮೂರು ಬೇರೆ ಬೇರೆ ದಾರಿಗಳಿವೆ. ಒಂದು, ಬಾತ್ ಚಾಂಗ್‌ನ ಪಿಂಗಾಣಿ ಮತ್ತು ವಾನ್ ಫುಕ್‌ನ ರೇಷ್ಮೆ. ಎರಡು, ಕ್ವಾಂಗ್ ಫು ಕೌನ ಊದಿನಕಡ್ಡಿ ಮತ್ತು ಚುವೊಂಗ್‌ನ ಟೋಪಿ. ಮೂರು, ಡೋಂಗ್ ಹೋ ಊರಿನ ಮರದಚ್ಚಿನ ಚಿತ್ರ, ಜೊತೆಗೆ ಬುತ್ ಥಾಪ್ ಬೌದ್ಧ ದೇವಾಲಯ. ನಾನು, ನನ್ನ ಯಜಮಾನರು, ನಮ್ಮತ್ತೆ ಮೂರು ಜನ ಈ ಮೂರೂ ಕಡೆ ಗೈಡ್ ಜೊತೆ ಹೋಗಿ ಬಂದೆವು. ಬಾತ್ ಚಾಂಗ್‌ಗೆ ಮಾತ್ರ ಆಮೇಲೆ ನಾವೇ ಬಸ್ ಹತ್ತಿ ಇನ್ನೊಮ್ಮೆ ಹೋದೆವು.

ನನ್ನ ಅಭಿಪ್ರಾಯ ಮೊದಲೇ ಹೇಳಿಬಿಡುತ್ತೇನೆ. ಗೈಡ್ ಇಲ್ಲದಿದ್ದರೆ ಯಾವ ಊರಿನಲ್ಲಿ ನಮಗೆ ಏನೂ ತಿಳಿಯುವುದಿಲ್ಲವೋ, ಗೈಡ್‌ಗೆ ಕೊಡುವ ದುಡ್ಡು ಆ ಊರಿಗೆ ಖರ್ಚಾಗಬೇಕು. ಹಾಗೆ ನೋಡಿದರೆ ಹೆಚ್ಚು ಜನ ಹೋಗುವ ಮೊದಲನೇ ದಾರಿಗೇ ಗೈಡ್ ಅಗತ್ಯ ಎಲ್ಲಕ್ಕಿಂತ ಕಡಿಮೆ.

ಬಾತ್ ಚಾಂಗ್ ಕೆಂಪು ನದಿಯ ಆಚೆ ದಡದಲ್ಲಿದೆ. ಹನೋಯ್‌ನಿಂದ ಸುಮಾರು 15 ಕಿಲೋಮೀಟರ್ ಅಷ್ಟೇ. ಲಾಂಗ್ ಬಿಯೆನ್ ನಿಲ್ದಾಣದಿಂದ 47ಎ ಬಸ್ ಹತ್ತಿದರೆ ಊರಿನ ಹತ್ತಿರಕ್ಕೇ ಬಿಡುತ್ತದೆ. ಟಿಕೆಟ್ಟು ನಮ್ಮ ಲೆಕ್ಕದಲ್ಲಿ ಐವತ್ತು ರೂಪಾಯಿ ಒಳಗೆ. ಊರಿಗೆ ಊರೇ ಅಂಗಡಿ. ಬಟ್ಟಲು, ಹೂಜಿ, ಟೀ ಕುಡಿಕೆ, ಪೂಜೆಯ ಧೂಪದ ಪಾತ್ರೆ, ಆಳೆತ್ತರದ ಹೂದಾನಿ, ಎಲ್ಲ ರಸ್ತೆಗೇ ಬಂದು ಕೂತಿವೆ. ಸುಮ್ನೆ ನಡೆದುಕೊಂಡು ಹೋದರೂ ಕೆಲಸ ಕಣ್ಣಿಗೆ ಬೀಳುತ್ತದೆ. ಬಾಗಿಲು ತೆರೆದ ಮನೆಯೊಳಗೆ ಇಣುಕಿದರೆ ಬೈಯುವವರಿಲ್ಲ.

ಇಲ್ಲಿ ಎಲ್ಲವೂ ತಿಗರಿಯ ಮೇಲೆ ಆಗುವುದಿಲ್ಲ. ಹೆಚ್ಚಿನ ಸಾಮಾನು ಅಚ್ಚಿನಲ್ಲೇ ತಯಾರಾಗುತ್ತದೆ. ಒಬ್ಬ ಹೆಂಗಸು ಗಂಜಿಯಷ್ಟು ತೆಳ್ಳಗಿನ ಜೇಡಿಯನ್ನು ಪ್ಲಾಸ್ಟರ್ ಅಚ್ಚುಗಳಿಗೆ ಸಾಲಾಗಿ ಹೊಯ್ಯುತ್ತಿದ್ದರು. ಪ್ಲಾಸ್ಟರ್ ನೀರನ್ನು ಹೀರಿಕೊಳ್ಳುತ್ತದೆ, ಒಳಗೋಡೆಗೆ ಜೇಡಿ ಪದರವಾಗಿ ಹಿಡಿಯುತ್ತದೆ. ಸಾಕಷ್ಟು ದಪ್ಪ ಆಯಿತು ಅನ್ನಿಸಿದಾಗ ಮಿಕ್ಕಿದ್ದನ್ನು ವಾಪಸ್ ಸುರಿದುಬಿಡುತ್ತಾರೆ. ಅಚ್ಚು ಬಿಚ್ಚಿದ ಮೇಲೆ ಹೂಜಿಯ ಎರಡೂ ಪಕ್ಕ ಒಂದು ಗೆರೆ ಉಳಿದಿರುತ್ತದೆ. ಅದನ್ನು ಒದ್ದೆ ಸ್ಪಂಜಿನಿಂದ ಒರೆಸುತ್ತಾರೆ. ಒಂದೇ ಸಲ ಒರೆಸುವುದು, ಮತ್ತೆ ಕೈ ಆಡಿಸುವುದಿಲ್ಲ. ಪಕ್ಕದ ಕೋಣೆಯಲ್ಲಿ ಇನ್ನಿಬ್ಬರು ಕುಂಚ ಹಿಡಿದು ನೀಲಿ ಬಳ್ಳಿ ಬರೆಯುತ್ತಿದ್ದರು. ಹಿಂದಿನ ಕಾಲದಲ್ಲಿ ಕಲ್ಲಿದ್ದಲಿನ ಗೂಡು ಉರಿಯುತ್ತಿತ್ತು, ಕಲ್ಲಿದ್ದಲಿನ ಬಿಲ್ಲೆಗಳನ್ನು ಓಣಿಯ ಗೋಡೆಗಳಿಗೆ ಬೆರಣಿಯ ಹಾಗೆ ತಟ್ಟಿ ಒಣಗಿಸುತ್ತಿದ್ದರು. ಈಗ ಹೆಚ್ಚಾಗಿ ಗ್ಯಾಸಿನ ಗೂಡು. ಹೊಗೆ ಕಡಿಮೆಯಾಗಿದೆ, ಊರಿನವರ ಎದೆಗೆ ಅದು ಒಳ್ಳೆಯದೇ.

ಗೈಡ್ ಜೊತೆ ಹೋದ ದಿನ ಇಷ್ಟನ್ನು ನೋಡಲು ನಮಗೆ ಸಮಯವೇ ಸಿಗಲಿಲ್ಲ. ಅವರು ನಮ್ಮನ್ನು ಒಂದು ದೊಡ್ಡ ಮಳಿಗೆಗೆ ಕರೆದುಕೊಂಡು ಹೋಗಿ ಅಲ್ಲೇ ಬಹಳ ಹೊತ್ತು ಬಿಟ್ಟರು. ಆಮೇಲೆ ತಿಗರಿ ಮೇಲೆ ಕೈಯಿಡುವ 'ಅನುಭವ'. ಮಕ್ಕಳಿದ್ದರೆ ಅದು ಖುಷಿಯೇ, ಇಲ್ಲ ಅನ್ನುವುದಿಲ್ಲ. ಆದರೆ ಮಾಡಿದ ಬಟ್ಟಲು ಸರಿಯಾಗಿ ಒಣಗಿ, ಗೂಡಿಗೆ ಹೋಗಿ ಬರಲು ದಿನಗಳೇ ಬೇಕು. ಒಂದು ದಿನದ ಟೂರ್‌ನವರ ಕೈಗೆ ಸುಟ್ಟ ಬಟ್ಟಲು ಸಿಗುವುದಿಲ್ಲ. ಅದರ ಬದಲು ಹನೋಯ್‌ನ ರಾಷ್ಟ್ರೀಯ ಇತಿಹಾಸ ವಸ್ತುಸಂಗ್ರಹಾಲಯಕ್ಕೆ ಮೊದಲು ಹೋಗಿ, 16ನೇ ಶತಮಾನದ ಮಾಕ್ ಅರಸರ ಕಾಲದ ದೀಪಗಂಬಗಳನ್ನು ನೋಡಿ. ಅಂಥ ಕೆಲವು ಕಂಬಗಳ ಮೇಲೆ ಮಾಡಿದವರ ಹೆಸರು, ಮಾಡಿಸಿದವರ ಹೆಸರು, ಇಸವಿ ಎಲ್ಲ ಕೊರೆದಿರುತ್ತಾರೆ. ಆಮೇಲೆ ಬಸ್ ಹತ್ತಿ ಬಾತ್ ಚಾಂಗ್‌ಗೆ ಹೋದರೆ, ಅಂಗಡಿಯಲ್ಲಿರುವ ಪ್ರತಿಯೊಂದು ಧೂಪದ ಪಾತ್ರೆಯೂ ಬೇರೆಯಾಗಿ ಕಾಣುತ್ತದೆ.

ವಾನ್ ಫುಕ್ ಬಗ್ಗೆ ಹೆಚ್ಚು ಹೇಳುವುದಿಲ್ಲ. ಹಾ ಡೋಂಗ್ ರೇಷ್ಮೆ ಅಂತ ವಿಯೆಟ್ನಾಂ ತುಂಬ ಹೆಸರು ಮಾಡಿದ ಊರು ಇದು. ಬೆಳಕಿಗೆ ಹಿಡಿದರೆ ಮಾತ್ರ ಕಾಣುವ, ನೇಯ್ಗೆಯಲ್ಲೇ ಮೂಡಿದ ಹೂವಿನ ವಿನ್ಯಾಸ ಇಲ್ಲಿನ ಹೆಮ್ಮೆ. ಒಂದು ಮನೆಯಲ್ಲಿ ತೂತು ಕೊರೆದ ರಟ್ಟಿನ ಪಟ್ಟಿಗಳಿಂದ ನಡೆಯುವ ಜಕಾರ್ಡ್ ಮಗ್ಗ ನೋಡಿದೆವು, ಚೆನ್ನಾಗಿತ್ತು. ಆದರೆ ಇಲ್ಲಿ ಹುಳುವೂ ಇಲ್ಲ, ಗೂಡೂ ಇಲ್ಲ. ನೂಲು ದಕ್ಷಿಣದ ಬಾವೊ ಲೋಕ್ ಕಡೆಯಿಂದ ಬರುತ್ತದೆ. ರಾಮನಗರದ ಗೂಡಿನ ಮಾರುಕಟ್ಟೆ, ನೂಲು ಬಿಚ್ಚುವ ಮನೆಗಳು, ಮೈಸೂರಿನ ರೇಷ್ಮೆ ಕಾರ್ಖಾನೆ ನೋಡಿದವರಿಗೆ ಇಲ್ಲಿ ಹೊಸದಾಗಿ ಕಲಿಯುವಂಥದ್ದು ಕಡಿಮೆ. ಕೊಳ್ಳಬೇಕು ಅಂತಿದ್ದರೆ ಹೋಗಿ. ಹಾ ಡೋಂಗ್‌ಗೆ 2021ರಿಂದ ಮೆಟ್ರೊ ಇದೆ, ಅಲ್ಲಿಂದ ಸ್ವಲ್ಪ ದೂರ ಟ್ಯಾಕ್ಸಿ. ಕೊಳ್ಳುವ ಮುಂಚೆ ಅಂಚಿನಿಂದ ಒಂದೆರಡು ಎಳೆ ಕೇಳಿ ತೆಗೆಸಿ ಸುಟ್ಟು ನೋಡಿ. ರೇಷ್ಮೆಯಾದರೆ ಕೂದಲು ಸುಟ್ಟ ವಾಸನೆ, ಬೂದಿ ಬೆರಳಿಗೆ ಪುಡಿಯಾಗುತ್ತದೆ. ಪಾಲಿಯೆಸ್ಟರ್ ಆದರೆ ಕರಗಿ ಗಟ್ಟಿ ಗುಂಡು ಕಟ್ಟುತ್ತದೆ. ಎಲ್ಲ ಅಂಗಡಿಯಲ್ಲೂ ಸಿಗುವುದು ಆ ಊರಿನಲ್ಲೇ ನೇಯ್ದದ್ದಲ್ಲ. ನೆನಪಿರಲಿ.

ಇನ್ನು ಎರಡನೇ ದಾರಿ. ನಾನು ಇಷ್ಟೆಲ್ಲ ಬರೆಯಲು ಹೊರಟಿದ್ದೇ ಇದಕ್ಕೋಸ್ಕರ.

ಕ್ವಾಂಗ್ ಫು ಕೌ ಹನೋಯ್‌ನಿಂದ ದಕ್ಷಿಣಕ್ಕೆ ಸುಮಾರು 35 ಕಿಲೋಮೀಟರ್. ಇದರ ಫೋಟೊ ನೀವೂ ನೋಡಿರುತ್ತೀರಿ: ಕೆಂಪು ಕಡ್ಡಿಗಳ ಕಟ್ಟುಗಳನ್ನು ಹೂವಿನ ಹಾಗೆ ಬಿಡಿಸಿ ಅಂಗಳದ ತುಂಬ ನಿಲ್ಲಿಸಿರುವುದು, ನಡುವೆ ಮೊನಚು ಟೋಪಿ ಹಾಕಿದ ಹೆಂಗಸು. ಆ ಫೋಟೊಗೆ ಅಂತಲೇ ಅಲಂಕಾರ ಮಾಡಿದ ಅಂಗಳಗಳಿವೆ. ಕಡ್ಡಿಯಲ್ಲೇ ವಿಯೆಟ್ನಾಂ ನಕ್ಷೆ ಜೋಡಿಸಿರುತ್ತಾರೆ. ಒಳಗೆ ಹೋಗಲು ತಲೆಗೆ 50,000 ಡಾಂಗ್ ಆಸುಪಾಸು, ಅಂದರೆ ನೂರೈವತ್ತು ರೂಪಾಯಿ ಮೇಲೆ ಸ್ವಲ್ಪ. ಅದು ತಪ್ಪೇನಲ್ಲ, ಕಡ್ಡಿ ಒಣಗಿಸಿ ಬರುವ ಸಂಪಾದನೆ ಅಷ್ಟು ಕಡಿಮೆ. ಆದರೆ ಎಷ್ಟೋ ಟೂರ್‌ಗಳು ಅಲ್ಲಿಗೇ ಮುಗಿಯುತ್ತವೆ. ನಮ್ಮ ಗೈಡ್ ಹುಡುಗಿ ಆ ಅಂಗಳ ದಾಟಿಸಿ ಹಿಂದಿನ ಓಣಿಗೆ ಕರೆದುಕೊಂಡು ಹೋದಳು. ಆಕೆ ಇಲ್ಲದಿದ್ದರೆ ಆ ಓಣಿ ನಮಗೆ ಗೊತ್ತೇ ಆಗುತ್ತಿರಲಿಲ್ಲ.

ಅಲ್ಲಿ ಬಿದಿರಿನ ಗಳಗಳು ರಾಶಿ ಬಿದ್ದಿದ್ದವು. ಯಂತ್ರ ಅವನ್ನು ಸೀಳಿ ಕಡ್ಡಿ ಮಾಡುತ್ತದೆ. ಕಟ್ಟಿನ ಬುಡವನ್ನು ಕೆಂಪು ಬಣ್ಣದ ತೊಟ್ಟಿಯಲ್ಲಿ ಅದ್ದಿ, ಒದರಿ, ಬಿಸಿಲಿಗೆ ತಿರುವಿ ನಿಲ್ಲಿಸುತ್ತಾರೆ. ನಡುವಿಗೆ ಕಟ್ಟಿದ ಕಟ್ಟನ್ನು ಎರಡೂ ಅಂಗೈಯಲ್ಲಿ ಹಿಡಿದು ಒಂದು ತಿರುವು ಕೊಟ್ಟರೆ ಅದು ತಾನೇ ಅರಳಿ ನಿಲ್ಲುತ್ತದೆ. ಎಲ್ಲ ಕಡ್ಡಿಗೂ ಗಾಳಿ ಆಡಲಿ ಅಂತ ಹೀಗೆ ಬಿಡಿಸುವುದು. ಚಂದ ಕಾಣುವುದು ಅದರ ಜೊತೆಗೆ ಬಂದದ್ದು.

ನಮ್ಮತ್ತೆ ಮೈಸೂರಿನವರು. ಮದುವೆಗೆ ಮುಂಚೆ, ಆಮೇಲೆಯೂ ಕೆಲವು ವರ್ಷ ಮನೆಯಲ್ಲೇ ಊದಿನಕಡ್ಡಿ ಹೊಸೆದವರು. ಅವರು ಒಂದು ಕಡ್ಡಿ ಎತ್ತಿಕೊಂಡು ಬೆರಳಲ್ಲಿ ಉರುಳಿಸಿ ನೋಡಿದರು. "ನೋಡಮ್ಮಾ, ಇದು ಗುಂಡಗಿದೆ. ನಾವು ಹೊಸೀತಿದ್ದದ್ದು ಚೌಕದ ಕಡ್ಡಿ. ಗುಂಡು ಕಡ್ಡಿ ಮೆಷಿನ್‌ಗೆ ಬೇಕು" ಅಂದರು. ಗೈಡ್ ಅದನ್ನು ಮನೆಯೊಡತಿಗೆ ಹೇಳಿದಳು. ಆಕೆ ಕೆಲಸ ನಿಲ್ಲಿಸಿ ಬಂದು ಅತ್ತೆಯ ಪಕ್ಕದಲ್ಲಿ ಕೂತರು. ಈ ಕಟ್ಟುಗಳಲ್ಲಿ ಬಹಳಷ್ಟು ಇಂಡಿಯಾಕ್ಕೇ ಹೋಗುತ್ತಿತ್ತು, ಈಗ ಮೊದಲಿನಷ್ಟಿಲ್ಲ ಅಂದರು.

ಅದು ನಿಜವೇ. ನಮ್ಮ ಊದಿನಕಡ್ಡಿ ಯಂತ್ರಗಳಿಗೆ ಬೇಕಾದ ಗುಂಡು ಕಡ್ಡಿ ವರ್ಷಗಟ್ಟಲೆ ವಿಯೆಟ್ನಾಂ ಮತ್ತು ಚೀನಾದಿಂದ ಬರುತ್ತಿತ್ತು. ಹಿಟ್ಟು ಅಂಟಿಸುವ ಜಿಗಟಿನ ಪುಡಿಯೂ ವಿಯೆಟ್ನಾಂನಿಂದ ಬರುತ್ತಿತ್ತು. 2019ರ ಆಗಸ್ಟ್‌ನಲ್ಲಿ ಭಾರತ ಸರ್ಕಾರ ಊದಿನಕಡ್ಡಿ ಆಮದಿಗೆ ನಿರ್ಬಂಧ ಹಾಕಿತು. 2020ರ ಜೂನ್‌ನಲ್ಲಿ ಬಿದಿರು ಕಡ್ಡಿಯ ಆಮದು ಸುಂಕವನ್ನು ಶೇ 10ರಿಂದ ಶೇ 25ಕ್ಕೆ ಏರಿಸಿತು. ನಮ್ಮಲ್ಲಿ ಕಡ್ಡಿ ಮಾಡುವವರಿಗೆ, ಬತ್ತಿ ಹೊಸೆಯುವವರಿಗೆ ಕೆಲಸ ಸಿಗಲಿ ಅಂತ ಮಾಡಿದ್ದು. ಅದು ಬೇಕಾಗಿಯೂ ಇತ್ತು. ಅದೇ ಆದೇಶ ಈ ಓಣಿಯ ಮನೆಗಳಲ್ಲಿ ಏನು ಮಾಡಿತು ಅನ್ನುವುದನ್ನು ಅಲ್ಲೇ ಕೂತು ಕೇಳಿದಾಗ, ಎರಡೂ ಕಡೆಯ ಹೆಂಗಸರು ಒಂದೇ ಕೆಲಸದವರು ಅಂತ ನನಗೆ ಅರ್ಥವಾಯಿತು. ಕನ್ನಡ ನಾಡಿನಿಂದ ಹೋದವರಿಗೆ ಇದಕ್ಕಿಂತ ಹತ್ತಿರದ ಊರು ಹನೋಯ್ ಸುತ್ತ ಇನ್ನೊಂದಿಲ್ಲ. ಗೈಡ್ ಇಲ್ಲದೆ ಹೋಗಿದ್ದರೆ ಕೆಂಪು ಕಡ್ಡಿಯ ಫೋಟೊ ತೆಗೆದು ಬಂದಿರುತ್ತಿದ್ದೆವು, ಅಲ್ವಾ?

ಅದೇ ದಾರಿಯಲ್ಲಿ ಚುವೊಂಗ್ ಸಿಗುತ್ತದೆ, ಮೊನಚು ಟೋಪಿಯ ಊರು. ಎಲೆಯನ್ನು ಬಿಸಿಲಲ್ಲಿ ಬೆಳ್ಳಗಾಗುವ ತನಕ ಒಣಗಿಸಿ, ಬಿಸಿ ಕಬ್ಬಿಣದ ಮೇಲಿಟ್ಟು ಬಟ್ಟೆಯ ಉಂಡೆಯಿಂದ ಒತ್ತಿ ಇಸ್ತ್ರಿ ಮಾಡುತ್ತಾರೆ. ಅದಕ್ಕೆ ಹಿಂದೆ ಹಳೇ ನೇಗಿಲ ಗುಳವನ್ನೇ ಕಾಯಿಸುತ್ತಿದ್ದರಂತೆ. ಟೋಪಿಯ ಆಕಾರದ ಚೌಕಟ್ಟಿನ ಮೇಲೆ ಬಿದಿರಿನ 16 ಬಳೆಗಳು, ಒಳಗೊಂದು ಪದರ ಎಲೆ, ನಡುವೆ ಬಿದಿರಿನ ಹಾಳೆ, ಹೊರಗೆ ಮತ್ತೆ ಎಲೆ. ಆಮೇಲೆ ಬಳೆಯಿಂದ ಬಳೆಗೆ ಹೊಲಿಗೆ. ಕೆಲಸ ಮಾಡುವವರು ಬಹುಪಾಲು ವಯಸ್ಸಾದ ಹೆಂಗಸರು. ಒಂದು ಟೋಪಿಗೆ ಅವರು ಹಾಕುವ ಹೊತ್ತು ನೋಡಿದರೆ ಚೌಕಾಸಿ ಮಾಡಲು ಮನಸ್ಸು ಬರುವುದಿಲ್ಲ. ಮಾಡಬೇಡಿ ಕೂಡ. ಇಲ್ಲಿನ ಟೋಪಿ ಸಂತೆ ಅವರ ಚಾಂದ್ರಮಾನ ತಿಂಗಳ 4, 10, 14, 20, 24, 30ರಂದು ನಡೆಯುತ್ತದೆ. ಬೆಳಿಗ್ಗೆ ಬೇಗ ಶುರುವಾಗಿ ಬೇಗ ಮುಗಿದುಹೋಗುತ್ತದೆ. ಟೂರ್ ವ್ಯಾನು ಎಂಟು ಗಂಟೆಗೆ ಹೊರಟರೆ ಸಂತೆ ಸಿಗುವುದಿಲ್ಲ. ಸಂತೆಯ ದಿನ ನೋಡಿ, ಮೊದಲು ಚುವೊಂಗ್, ಆಮೇಲೆ ಊದಿನಕಡ್ಡಿ ಅಂತ ಕೇಳಿ ಬದಲಾಯಿಸಿಕೊಳ್ಳಿ. ಹೇಗಿದ್ದರೂ ಬಿಸಿಲು ಏರಿದ ಮೇಲೇ ಕಡ್ಡಿಯ ಅಂಗಳ ತುಂಬುವುದು.

ಮೂರನೆಯದು ಡೋಂಗ್ ಹೋ. ಬಾಕ್ ನಿನ್ ಪ್ರಾಂತ್ಯದಲ್ಲಿ, ಡುವೊಂಗ್ ನದಿಯ ಪಕ್ಕ. ಹನೋಯ್‌ನಿಂದ 35 ಕಿಲೋಮೀಟರ್ ಆಸುಪಾಸು. ಟೆಟ್ ಹೊಸವರ್ಷಕ್ಕೆ ಮನೆಯ ಗೋಡೆಗೆ ಅಂಟಿಸುವ ಚಿತ್ರಗಳ ಊರು. ಒಂದು ಕಾಲದಲ್ಲಿ ಊರಿಡೀ ಈ ಕೆಲಸ ಮಾಡುತ್ತಿತ್ತು. ಈಗ ಕೆಲವೇ ಮನೆಗಳಲ್ಲಿ ಉಳಿದಿದೆ. ಮಿಕ್ಕವರು ಪಿತೃಗಳಿಗೆ ಸುಡುವ ಕಾಗದದ ಸಾಮಾನು ಮಾಡುತ್ತಾರೆ, ಅದಕ್ಕೇ ಬೇಡಿಕೆ ಜಾಸ್ತಿ.

ಕಾಗದಕ್ಕೆ ಮೊದಲು ಚಿಪ್ಪಿನ ಪುಡಿಯನ್ನು ಅಕ್ಕಿಯ ಅಂಟಿನಲ್ಲಿ ಕಲಸಿ ಬಳಿಯುತ್ತಾರೆ. ಅದಕ್ಕೇ ಓರೆಯಾಗಿ ಹಿಡಿದರೆ ಮಿಣುಮಿಣು ಹೊಳೆಯುತ್ತದೆ. ಬಣ್ಣವೆಲ್ಲ ಮಣ್ಣು, ಗಿಡದ್ದು: ಕಪ್ಪು ಬಿದಿರೆಲೆಯ ಮಸಿಯಿಂದ, ಕೆಂಪು ಕೆಮ್ಮಣ್ಣಿನ ಕಲ್ಲಿನಿಂದ, ಹಳದಿ ಒಂದು ಮರದ ಹೂವಿನಿಂದ. ಒಂದೊಂದು ಬಣ್ಣಕ್ಕೂ ಒಂದೊಂದು ಅಚ್ಚು, ಕೊನೆಗೆ ಕಪ್ಪು ಗೆರೆ. ಅಚ್ಚನ್ನು ಬಣ್ಣದ ಮೇಲೊತ್ತಿ, ಕಾಗದದ ಮೇಲೊತ್ತಿ, ಅಚ್ಚಿನ ಸಮೇತ ಕಾಗದವನ್ನು ಮೇಲೆತ್ತಿ ತಿರುಗಿಸುತ್ತಾರೆ. ಆಮೇಲೆ ಕಾಗದದ ಬೆನ್ನನ್ನು ಒಣಗಿದ ತುಪ್ಪದ ಹೀರೆಯ ನಾರಿನಿಂದ ಉಜ್ಜುತ್ತಾರೆ. ಇಸ್ಸ್ ಇಸ್ಸ್ ಅಂತ ಶಬ್ದ. ಮೂಲೆ ಹಿಡಿದು ಬಿಡಿಸಿದರೆ ಚಿತ್ರ.

ಇಲ್ಲಿ ಗೈಡ್ ಬೇಕೇ ಬೇಕು. ಚಿತ್ರದಲ್ಲಿ ಕಥೆ ಇದೆ, ಕಥೆ ಹೇಳುವವರಿಲ್ಲದಿದ್ದರೆ ಅರ್ಧ ಚಿತ್ರವೇ. 'ಇಲಿಗಳ ಮದುವೆ' ಅನ್ನುವ ಚಿತ್ರ ನೋಡಿ. ಕೆಳಗೆ ಮದುಮಗ ಕುದುರೆ ಮೇಲೆ, ಮದುಮಗಳು ಪಲ್ಲಕ್ಕಿಯಲ್ಲಿ. ಮೇಲಿನ ಸಾಲಿನಲ್ಲಿ ಇಲಿಗಳು ಹಕ್ಕಿ, ಮೀನು ಹಿಡಿದುಕೊಂಡು ಒಂದು ದಪ್ಪ ಬೆಕ್ಕಿನ ಮುಂದೆ ನಿಂತಿವೆ. ಮೆರವಣಿಗೆ ಮುಂದೆ ಹೋಗಬೇಕಾದರೆ ಬೆಕ್ಕಿಗೆ ಕಾಣಿಕೆ ಕೊಡಬೇಕು. ಕಾಣಿಕೆ ಕೊಡುವ ಇಲಿಯ ಬೆನ್ನು ಎಷ್ಟು ಬಾಗಿದೆ, ತುತ್ತೂರಿ ಊದುವ ಇಲಿಯ ಕಣ್ಣು ಎಲ್ಲಿದೆ, ಎಲ್ಲ ಗೈಡ್ ಬೆರಳಿಟ್ಟು ತೋರಿಸಿದರು. ಅತ್ತೆ ಅದನ್ನೇ ಕೊಂಡರು. ನಾನು ಮರಿಗಳಿರುವ ಹಂದಿಯ ಚಿತ್ರ ಕೊಂಡೆ, ಮೈಮೇಲೆ ಯಿನ್ ಯಾಂಗ್ ಸುಳಿ ಇರುವುದು. ಬಾತ್ ಚಾಂಗ್‌ನ ಪಿಂಗಾಣಿ ವಿಮಾನದಲ್ಲಿ ತರುವುದು ತಲೆನೋವು, ಇದು ಸುತ್ತಿ ಕೊಳವೆಯಲ್ಲಿಟ್ಟರೆ ಮುಗಿಯಿತು.

ಹತ್ತಿರದ ಬುತ್ ಥಾಪ್ ದೇವಾಲಯ ಬಿಡಬೇಡಿ. 1656ರ ಸಾವಿರ ಕೈ, ಸಾವಿರ ಕಣ್ಣಿನ ಅವಲೋಕಿತೇಶ್ವರನ ಮರದ ಮೂರ್ತಿ ಅಲ್ಲಿದೆ. ಮರಗೆಲಸದ ಆ ಮಟ್ಟ ನೋಡಿದ ಮೇಲೆ, ಪಕ್ಕದ ಊರಿನಲ್ಲೇ ಅಚ್ಚು ಕೆತ್ತುವವರು ಹುಟ್ಟಿದ್ದು ಆಶ್ಚರ್ಯ ಅನ್ನಿಸಲಿಲ್ಲ.

ಊಟದ ವಿಷಯ. ಮೊದಲನೇ ದಾರಿಯಲ್ಲಿ ಹೋಟೆಲು ಬೇಕಾದಷ್ಟಿವೆ. ಮಿಕ್ಕ ಎರಡರಲ್ಲಿ ಸಸ್ಯಾಹಾರಿಗಳು ಮೊದಲೇ ಹೇಳಿಡಬೇಕು. ಮೀನಿನ ಸಾಸ್ ಬೇಡ ಅಂತ ಬಿಡಿಸಿ ಹೇಳಿ, ತರಕಾರಿ ಪಲ್ಯದಲ್ಲೂ ಅದು ಇರುತ್ತದೆ. ಅವರ ಚಾಂದ್ರಮಾನ ತಿಂಗಳ ಮೊದಲ ದಿನ ಮತ್ತು ಹುಣ್ಣಿಮೆಯ ದಿನ ಅಲ್ಲಿನವರೂ ತುಂಬ ಜನ ಸಸ್ಯಾಹಾರ ಮಾಡುತ್ತಾರೆ. ಆ ದಿನ ಹೋದರೆ ಊಟ ಸಲೀಸು.

ಒಂದೇ ದಿನ ಇದ್ದರೆ ನಾನು ಹೇಳುವುದು ಎರಡನೇ ದಾರಿ, ಆದರೆ ಬಿಸಿಲಿದ್ದರೆ ಮಾತ್ರ. ಟೆಟ್‌ಗೆ ಮುಂಚಿನ ತಿಂಗಳು ಊರು ಕೆಲಸದಲ್ಲಿ ಮುಳುಗಿರುತ್ತದೆ, ಅದೇ ಒಳ್ಳೆಯ ಸಮಯ. ಫೆಬ್ರವರಿ, ಮಾರ್ಚ್‌ನಲ್ಲಿ ಹನೋಯ್ ಕಡೆ ದಿನಗಟ್ಟಲೆ ಜಿಟಿಜಿಟಿ ಮಳೆ ಹಿಡಿಯುತ್ತದೆ. ಆಗ ಕಡ್ಡಿಯನ್ನು ಅಂಗಳಕ್ಕೆ ತರುವುದೇ ಇಲ್ಲ. ಹಿಂದಿನ ರಾತ್ರಿ ಹವಾಮಾನ ನೋಡಿ, ಮಳೆ ಅಂತಿದ್ದರೆ ಗೈಡ್‌ಗೆ ಫೋನ್ ಮಾಡಿ ಡೋಂಗ್ ಹೋ ಕಡೆಗೆ ಬದಲಾಯಿಸಿ. ಅಚ್ಚೊತ್ತುವುದು ಮನೆಯೊಳಗಿನ ಕೆಲಸ, ಮಳೆಯಲ್ಲೂ ನಡೆಯುತ್ತದೆ.